ಬ್ಯಾಂಕರನ ಬೀರು, ವಕೀಲರ ಬಾಗಿಲು

ಕಾಮರ್ಸ್‌ನವರಿಗೂ ಪುಸ್ತಕಕ್ಕೂ ಏನು ಸಂಬಂಧ ಎಂದು ಆರ್ಟ್ಸ್ ವಿಭಾಗದ ಗೆಳೆಯರು ನಮ್ಮನ್ನು ಛೇಡಿಸುವುದುಂಟು. ನಮ್ಮ ಕೈಯಲ್ಲಿ ಕ್ಯಾಲ್ಕುಲೇಟರ್ ಬಿಟ್ಟರೆ ಬೇರೇನೂ ನಿಲ್ಲುವುದಿಲ್ಲವಂತೆ! ಅವರಿಗೆ ಉತ್ತರವಾಗಿ ಒಬ್ಬ ಹಣಕಾಸುದಾರರ ಕಥೆ ಹೇಳುತ್ತೇನೆ. ಆದರೆ ಅವರನ್ನು ಪೂರ್ತಿ ಹೊಗಳಲು ನನಗೆ ಮನಸ್ಸಿಲ್ಲ.

ಅವರ ಹೆಸರು ಬ್ಯಾರನ್ ಹೊರೇಸ್ ಡಿ ಲಾಂಡೌ. ಹಂಗೇರಿ ಮೂಲದವರು, ಯಹೂದಿ ಮನೆತನ. 1824ರಲ್ಲಿ ಹುಟ್ಟಿ 1903ರಲ್ಲಿ ತೀರಿಕೊಂಡರು. ಆ ಕಾಲದ ಯುರೋಪಿನಲ್ಲಿ ರಾಜರಿಗೂ ಸಾಲ ಕೊಡುತ್ತಿದ್ದ ರಾಥ್‌ಶೀಲ್ಡ್ ಬ್ಯಾಂಕಿಗೆ ಇಟಲಿಯಲ್ಲಿ ಇವರೇ ಪ್ರತಿನಿಧಿ. ನಮ್ಮ ಪಠ್ಯದಲ್ಲಿ 'ಏಜೆಂಟ್' ಎಂದರೆ ಎರಡು ಅಂಕದ ಪ್ರಶ್ನೆ. ಇವರ ವಿಷಯದಲ್ಲಿ ಅದೇ ದೊಡ್ಡ ಅಧಿಕಾರ. 1861ರಲ್ಲಿ ಇಟಲಿ ಒಂದು ರಾಜ್ಯವಾಯಿತು. ಹೊಸ ಸರ್ಕಾರಕ್ಕೆ ಸೈನ್ಯ ಬೇಕು, ರೈಲು ಬೇಕು, ಆದರೆ ಖಜಾನೆಯಲ್ಲಿ ಹಣವಿಲ್ಲ. ಹಾಗಾಗಿ ಸಾಲ ಕೊಡುವವರ ಮನುಷ್ಯನಿಗೆ ಎಲ್ಲ ಬಾಗಿಲುಗಳೂ ತೆರೆದಿದ್ದವು. 1865ರಲ್ಲಿ ರಾಜಧಾನಿ ಟ್ಯೂರಿನ್‌ನಿಂದ ಫ್ಲಾರೆನ್ಸ್‌ಗೆ ಬಂತು. ಆರು ವರ್ಷದಲ್ಲಿ ಅದು ರೋಮ್‌ಗೆ ಹೋದರೂ ಲಾಂಡೌ ಫ್ಲಾರೆನ್ಸ್‌ನಲ್ಲೇ ಉಳಿದರು. ಊರ ಹೊರಗೆ, ಬೊಲೋನಾ ರಸ್ತೆಯ ಬಂಗಲೆಯಲ್ಲಿ ಪುಸ್ತಕ ತುಂಬಿದರು.

ಎಂಥ ಪುಸ್ತಕ! ಯುರೋಪಿನಲ್ಲಿ ಮುದ್ರಣ ಶುರುವಾದ ಮೊದಲ ಐವತ್ತು ವರ್ಷಗಳ ಪುಸ್ತಕಗಳು, ಕೈಬರಹದ ಗ್ರಂಥಗಳು. ಮಿಲಾನ್‌ನ ದೊರೆ ಜಾನ್ ಗಲೆಯಾಜೋ ವಿಸ್ಕೊಂತಿಗಾಗಿ ಬರೆಯಲು ತೊಡಗಿದ, ಚಿನ್ನ ಬಣ್ಣಗಳ ಚಿತ್ರವಿರುವ ಪ್ರಾರ್ಥನಾ ಪುಸ್ತಕದ ಒಂದು ಸಂಪುಟವೂ ಅವುಗಳಲ್ಲಿತ್ತು. ದೊರೆ 1402ರಲ್ಲಿ ಸತ್ತರು, ಕೆಲಸ ನಿಂತಿತು. ಮುಗಿದದ್ದು ಮಗನ ಕಾಲದಲ್ಲಿ, ಇನ್ನೊಬ್ಬ ಚಿತ್ರಕಾರನ ಕೈಯಲ್ಲಿ.

ನನಗೆ ಇಷ್ಟವಾಗಿದ್ದು ಇದಲ್ಲ. ಲಾಂಡೌ ತಮ್ಮ ಪುಸ್ತಕಗಳ ಪಟ್ಟಿಯನ್ನು ಫ್ರಾನ್ಜ್ ರೋಡಿಗರ್ ಎಂಬ ವಿದ್ವಾಂಸರಿಂದ ಮಾಡಿಸಿ, 1885 ಮತ್ತು 1890ರಲ್ಲಿ ಎರಡು ಸಂಪುಟಗಳಾಗಿ ಅಚ್ಚು ಹಾಕಿಸಿದರು. ಇದು ಅಪ್ಪಟ ಕಾಮರ್ಸ್ ಬುದ್ಧಿ. ಸ್ಟಾಕ್ ರಿಜಿಸ್ಟರ್ ಇಲ್ಲದ ಗೋದಾಮು ಗೋದಾಮೇ ಅಲ್ಲ ಎಂದು ನಮ್ಮ ಅಕೌಂಟೆನ್ಸಿ ಸರ್ ಹೇಳುವುದು ನೆನಪಿದೆಯಲ್ಲ?

ಆದರೆ ಪಟ್ಟಿ ಇದ್ದರೆ ಸಾಕೇ? ಬಂಗಲೆ ಮತ್ತು ಪುಸ್ತಕಗಳು ಸೋದರ ಸಂಬಂಧದ ಮಗಳಿಗೆ ಹೋದವು. ಅವರ ಮಗ ಹೊರೇಸ್ ಫಿನಾಲಿ ಬುಡಾಪೆಸ್ಟ್‌ನಲ್ಲಿ ಹುಟ್ಟಿ, ಪ್ಯಾರಿಸ್‌ನ ದೊಡ್ಡ ಬ್ಯಾಂಕೊಂದನ್ನು 1919ರಿಂದ 1937ರವರೆಗೆ ನಡೆಸಿದವರು. (ಕಾದಂಬರಿಕಾರ ಮಾರ್ಸೆಲ್ ಪ್ರೂಸ್ಟ್ ಇವರ ಶಾಲಾ ಗೆಳೆಯ. ಆರ್ಟ್ಸ್‌ನವರು ಗಮನಿಸಿ!) ಎರಡನೇ ಮಹಾಯುದ್ಧ ಬಂತು, ಫಿನಾಲಿ ಅಮೆರಿಕಕ್ಕೆ ಹೋದರು, 1945ರಲ್ಲಿ ನ್ಯೂಯಾರ್ಕ್‌ನಲ್ಲಿ ತೀರಿಕೊಂಡರು. 1948 ಮತ್ತು 1949ರಲ್ಲಿ ಲಂಡನ್‌ನ ಸೋದಬೀಸ್‌ನಲ್ಲಿ ಲಾಂಡೌ ಪುಸ್ತಕಗಳು ಹರಾಜಾದವು. ಒಬ್ಬ ಮನುಷ್ಯ ಇಡೀ ಬಾಳಿನಲ್ಲಿ ಕೂಡಿಸಿದ್ದು ಸುತ್ತಿಗೆಯ ಏಟಿಗೊಂದರಂತೆ ಬೇರೆ ಬೇರೆ ಮನೆ ಸೇರಿತು. ಒಟ್ಟಿಗೆ ಉಳಿದದ್ದು ಫ್ಲಾರೆನ್ಸ್‌ನ ರಾಷ್ಟ್ರೀಯ ಗ್ರಂಥಾಲಯಕ್ಕೆ ಸೇರಿದ ಭಾಗ ಮಾತ್ರ. ವಿಸ್ಕೊಂತಿ ಪುಸ್ತಕ ಅಲ್ಲಿದೆ, ಅದರ ಜೊತೆ ಸಂಪುಟವೂ ಈಗ ಅದೇ ಸೂರಿನಡಿ ಇದೆ.

ಇದೇ ಕಾಲದಲ್ಲಿ ಪಟ್ನಾದಲ್ಲಿ ಖುದಾ ಬಖ್ಶ್ ಎಂಬ ವಕೀಲರಿದ್ದರು. ತಂದೆ ಬಿಟ್ಟುಹೋದ ಸುಮಾರು 1,400 ಹಸ್ತಪ್ರತಿಗಳಿಗೆ ತಮ್ಮ ಸಂಪಾದನೆ ಸುರಿದು ಇನ್ನಷ್ಟು ಸೇರಿಸಿದರು. 1891ರಲ್ಲಿ, ಅಂದರೆ ಲಾಂಡೌ ಪಟ್ಟಿ ಮುಗಿದ ಮರುವರ್ಷ, ಸುಮಾರು 4,000 ಹಸ್ತಪ್ರತಿಗಳನ್ನು ಟ್ರಸ್ಟ್‌ಗೆ ಬರೆದುಕೊಟ್ಟು ಸಾರ್ವಜನಿಕರಿಗೆ ಬಾಗಿಲು ತೆರೆದರು. ರಾಥ್‌ಶೀಲ್ಡ್ ಹಣದ ಮುಂದೆ ಈ ವಕೀಲರ ಹಣ ಎಷ್ಟು? ಆದರೂ ಅವರ ಪುಸ್ತಕಗಳು ಪಟ್ನಾದಲ್ಲಿ ಇಂದಿಗೂ ಒಟ್ಟಿಗಿವೆ. ಶ್ರೀಮಂತಿಕೆಯಿಂದ ಪುಸ್ತಕ ಕೂಡಿಸಬಹುದು, ಆದರೆ ಮಾಲೀಕತ್ವ ಬಿಟ್ಟುಕೊಟ್ಟರೆ ಮಾತ್ರ ಅದು ಉಳಿಯುತ್ತದೆ ಎಂಬುದು ನನ್ನ ವಾದ. ಯಾರಾದರೂ ಒಪ್ಪದಿದ್ದರೆ ಮುಂದಿನ ಸಂಚಿಕೆಯಲ್ಲಿ ಬರೆಯಲಿ.

ನಮ್ಮ ಮನೆಗಳಲ್ಲಿ ವಿಸ್ಕೊಂತಿ ಪುಸ್ತಕ ಇಲ್ಲ. ಆದರೆ ನಾನಾ, ದಾದಾ ಓದಿದ ಉರ್ದು ಕಿತಾಬುಗಳು ಟ್ರಂಕಿನಲ್ಲಿವೆ. ಕನ್ನಡ ಮಾಧ್ಯಮಕ್ಕೋ ಇಂಗ್ಲಿಷ್ ಮಾಧ್ಯಮಕ್ಕೋ ಹೋದ ನಮಗೆ ಅವನ್ನು ಓದಲು ಬರುವುದಿಲ್ಲ, ಹಿರಿಯರಿಗೆ ಕಣ್ಣು ಕಾಣುವುದಿಲ್ಲ. ಮನೆ ಬದಲಿಸುವಾಗ ಅವು ಕಿಲೋ ಲೆಕ್ಕದಲ್ಲಿ ರದ್ದಿಗೆ ಹೋಗುತ್ತವೆ. ಅಲ್ಲಿ ಹರಾಜು ಕೂಡ ಇಲ್ಲ.

ನಮ್ಮ ಕಾಲೇಜು ಲೈಬ್ರರಿಯಲ್ಲಿ ಒಂದು ಕಪಾಟು ಇದಕ್ಕೆ ಬಿಟ್ಟುಕೊಡಲಿ ಎಂದು ಪ್ರಾಂಶುಪಾಲರನ್ನು ಕೇಳುತ್ತೇನೆ. ಬೀಗ ಬೇಡ. ಮೊದಲು ಪಟ್ಟಿ ಮಾಡೋಣ: ಪುಸ್ತಕದ ಹೆಸರು, ಬರೆದವರು, ಅಚ್ಚಾದ ಊರು, ವರ್ಷ, ಕೊಟ್ಟವರ ಮನೆ. ಉರ್ದು ಓದಬಲ್ಲವರು ಹೆಸರು ಹೇಳಿದರೆ ಸಾಕು, ರಿಜಿಸ್ಟರಿನ ಕಾಲಂ ಎಳೆಯುವ ಕೆಲಸ ಸೆಕೆಂಡ್ ಪಿಯು ಕಾಮರ್ಸ್‌ನವರದ್ದು.