ಒಂದೇ ಶಿಲುಬೆ, ಎರಡು ಇತಿಹಾಸ

ಮೈಸೂರಿನ ದಟ್ಟಗಳ್ಳಿ ಒಂದು ಕಾಲಕ್ಕೆ ಊರಾಚೆಯ ಹಳ್ಳಿ. ನಗರ ಬೆಳೆಯುತ್ತ ವರ್ತುಲ ರಸ್ತೆಯತ್ತ ಹಬ್ಬಿದಾಗ ಹೊಲಗದ್ದೆಗಳು ನಿವೇಶನಗಳಾದವು, ಹಳ್ಳಿ ಬಡಾವಣೆಯಾಯಿತು. ಇಂಥ ಬಡಾವಣೆಗಳಿಗೆ ಜನ ಜಾತಿ, ಕೇರಿ ನೋಡಿ ಬರುವುದಿಲ್ಲ. ನಿವೇಶನದ ಬೆಲೆ, ಶಾಲೆ, ನೀರು ನೋಡಿ ಬರುತ್ತಾರೆ. ಹೀಗಾಗಿ ಕರಾವಳಿಯ ಕೊಂಕಣಿ ಮಾತಿನ ಕುಟುಂಬ, ಹಾಸನದ ಕಡೆಯ ಕನ್ನಡ ಕ್ರೈಸ್ತ ಕುಟುಂಬ, ಚಾಮರಾಜನಗರದ ಕಡೆಯ ತಮಿಳು ಮಾತಿನ ಕುಟುಂಬ ಒಂದೇ ರಸ್ತೆಯಲ್ಲಿ ನೆಲೆಸುವುದು ಇಂಥ ಕಡೆ ಅಪರೂಪವಲ್ಲ. ಭಾನುವಾರ ಬೆಳಿಗ್ಗೆ ಅವರು ಮನೆಯಿಂದ ಹೊರಟರೆ ನೆರೆಯವರಿಗೆ ತಿಳಿಯುವುದು ಇಷ್ಟೇ: ಚರ್ಚಿಗೆ ಹೊರಟರು. ಯಾವ ಚರ್ಚಿಗೆ ಎಂಬುದು ತಿಳಿಯುವುದಿಲ್ಲ, ತಿಳಿಯಬೇಕೆಂದು ಯಾರಿಗೂ ಅನ್ನಿಸುವುದೂ ಇಲ್ಲ.

ಸಾಮಾನ್ಯ ದಿನಗಳಲ್ಲಿ ಈ ಅರಿವಿಲ್ಲದಿರುವಿಕೆ ನಿರುಪದ್ರವಿ. ಆದರೆ ಅದಕ್ಕೆ ಬೆಲೆ ತೆರಬೇಕಾದ ದಿನಗಳೂ ಬಂದಿವೆ. 2008ರ ಸೆಪ್ಟೆಂಬರ್ 14ರ ಭಾನುವಾರ ಅಂಥದ್ದೊಂದು ದಿನ. ಅಂದು ಮಂಗಳೂರಿನ ಮಿಲಾಗ್ರಿಸ್ ಬಳಿಯ ಆರಾಧನಾ ಮಠದ ಮೇಲೆ ದಾಳಿ ನಡೆಯಿತು. ದಕ್ಷಿಣ ಕನ್ನಡ, ಉಡುಪಿ, ಚಿಕ್ಕಮಗಳೂರು ಜಿಲ್ಲೆಗಳ ಇನ್ನಿತರ ಪ್ರಾರ್ಥನಾ ಸ್ಥಳಗಳೂ ದಾಳಿಗೆ ತುತ್ತಾದವು. ದಾಳಿಕಾರರ ಆರೋಪ ಇದ್ದದ್ದು ನ್ಯೂ ಲೈಫ್ ಫೆಲೋಶಿಪ್ ಎಂಬ ಪಂಗಡದ ಮೇಲೆ. ಅದು ಹಿಂದೂಗಳನ್ನು ಮತಾಂತರಿಸುತ್ತಿದೆ, ಅದು ಹಂಚಿದ ಪುಸ್ತಕವೊಂದರಲ್ಲಿ ಹಿಂದೂ ದೇವತೆಗಳ ನಿಂದನೆಯಿದೆ ಎಂಬುದು ದೂರಾಗಿತ್ತು. ಆ ಪಂಗಡ ಪ್ರೊಟೆಸ್ಟಂಟ್ ಪರಂಪರೆಯಿಂದ ಟಿಸಿಲೊಡೆದ ಸ್ವತಂತ್ರ ಸಭೆ. ಕ್ಯಾಥೊಲಿಕ್ ಧರ್ಮಸಭೆಯ ಅಂಗವಲ್ಲ. ಆದರೆ ಆರಾಧನಾ ಮಠದಲ್ಲಿದ್ದವರು ಹೊರಜಗತ್ತಿನ ಸಂಪರ್ಕವನ್ನೇ ತೊರೆದು ಪ್ರಾರ್ಥನೆಯಲ್ಲಿ ಕಾಲ ಕಳೆಯುವ ಕ್ಯಾಥೊಲಿಕ್ ಸನ್ಯಾಸಿನಿಯರು. ಆರೋಪ ಒಬ್ಬರ ಮೇಲೆ, ಏಟು ಇನ್ನೊಬ್ಬರಿಗೆ.

ಆರೋಪ ನಿಜವೇ ಆಗಿದ್ದರೂ ದಾಳಿ ಅಪರಾಧವೇ. ಅದರಲ್ಲಿ ಎರಡು ಮಾತಿಲ್ಲ. ಆದರೆ ಈ ಘಟನೆ ಇನ್ನೊಂದು ಪ್ರಶ್ನೆಯನ್ನೂ ಎತ್ತುತ್ತದೆ. ಕರ್ನಾಟಕದಲ್ಲಿ ‘ಮಿಷನರಿ’ ಎಂಬ ಒಂದೇ ಪದದಡಿ ಯಾರು ಯಾರನ್ನು ಸೇರಿಸಲಾಗುತ್ತಿದೆ? ಅವರೆಲ್ಲರ ಇತಿಹಾಸ ನಿಜಕ್ಕೂ ಒಂದೇ ಏನು?

ಮಠಾಧಿಪತಿಯಂಥ ಪಾದ್ರಿ

ಪ್ರೊಟೆಸ್ಟಂಟ್ ಮಿಷನ್‌ಗಳು ಕನ್ನಡ ನಾಡಿಗೆ ಕಾಲಿಟ್ಟಾಗ ಇಲ್ಲಿ ಕ್ರೈಸ್ತಮತ ಹೊಸದೇನೂ ಆಗಿರಲಿಲ್ಲ. ಗೋವೆಯಿಂದ ವಲಸೆ ಬಂದ ಕೊಂಕಣಿ ಕ್ಯಾಥೊಲಿಕರು ಕರಾವಳಿಯಲ್ಲಿ ತಲೆಮಾರುಗಳಿಂದ ನೆಲೆಸಿದ್ದರು. ಹದಿನೇಳನೆಯ ಶತಮಾನದಲ್ಲಿಯೇ ಯೇಸುಸಭೆಯ ಪಾದ್ರಿಗಳು ಶ್ರೀರಂಗಪಟ್ಟಣದಲ್ಲಿ ನೆಲೆಯೂರಿದ್ದರು. 1784ರಲ್ಲಿ ಟಿಪ್ಪು ಸುಲ್ತಾನ್ ಕರಾವಳಿಯ ಸಹಸ್ರಾರು ಕ್ಯಾಥೊಲಿಕರನ್ನು ಸೆರೆಹಿಡಿದು ಶ್ರೀರಂಗಪಟ್ಟಣಕ್ಕೆ ಸಾಗಿಸಿದ. 1799ರಲ್ಲಿ ಅವನ ಪತನವಾದ ಮೇಲೆ ಅಳಿದುಳಿದವರನ್ನು ಒಗ್ಗೂಡಿಸಲು ಮೈಸೂರು ಸೀಮೆಗೆ ಬಂದವರು ಫ್ರೆಂಚ್ ಪಾದ್ರಿ ಅಬ್ಬೆ ದ್ಯುಬುವಾ.

ದ್ಯುಬುವಾ ದೇಶೀಯರಂತೆ ಉಡುಪು ತೊಟ್ಟು, ಮಾಂಸ ತ್ಯಜಿಸಿ, ಇಲ್ಲಿನವರ ನಡುವೆ ಬದುಕಿದರು. ಹಾಸನದ ಸೀಮೆಯ ಸಾತಹಳ್ಳಿಯಲ್ಲಿ ಕ್ರೈಸ್ತ ಕೃಷಿಕರ ನೆಲೆಯನ್ನು ಕಟ್ಟಿದರು, ಸಿಡುಬಿನ ಲಸಿಕೆ ಹಾಕಿಸಲು ಊರೂರು ಅಲೆದರು. 1823ರಲ್ಲಿ ಅವರು ಭಾರತ ಬಿಟ್ಟು ಹೊರಟರು. ಅದೇ ವರ್ಷ ಲಂಡನ್ನಿನಲ್ಲಿ ಪ್ರಕಟವಾದ ಅವರ ಪತ್ರಗಳ ಸಂಕಲನ ಇಂಗ್ಲೆಂಡಿನ ಪ್ರೊಟೆಸ್ಟಂಟ್ ವಲಯದಲ್ಲಿ ಕೋಲಾಹಲವೆಬ್ಬಿಸಿತು. ಹಿಂದೂಗಳನ್ನು ಮತಾಂತರಿಸುವುದು ಸಾಧ್ಯವಿಲ್ಲ, ದೇಶಭಾಷೆಗಳಿಗೆ ಬೈಬಲನ್ನು ಅವಸರದಲ್ಲಿ ಅನುವಾದಿಸಿ ಹಂಚುವುದರಿಂದ ಲಾಭಕ್ಕಿಂತ ಹಾನಿಯೇ ಹೆಚ್ಚು ಎಂಬುದು ಅವರ ವಾದದ ಸಾರ. ತಮ್ಮ ಮೂವತ್ತು ವರ್ಷಗಳ ದುಡಿಮೆಗೆ ಸಿಕ್ಕ ಫಲ ಅತ್ಯಲ್ಪವೆಂದು ಅವರು ಮುಚ್ಚುಮರೆಯಿಲ್ಲದೆ ಒಪ್ಪಿಕೊಂಡಿದ್ದರು.

ಜೇಮ್ಸ್ ಹಫ್ ಎಂಬ ಪ್ರೊಟೆಸ್ಟಂಟ್ ಪಾದ್ರಿ 1824ರಲ್ಲಿ ಇದಕ್ಕೆ ಉತ್ತರವಾಗಿ ಒಂದು ಪುಸ್ತಕವನ್ನೇ ಬರೆದರು. ಅಷ್ಟರಲ್ಲಾಗಲೇ ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್ ಬಳ್ಳಾರಿಯಲ್ಲಿ ಕೂತು ಕನ್ನಡ ಬೈಬಲಿನ ಕೆಲಸದಲ್ಲಿ ಮುಳುಗಿದ್ದರು. ಜಗಳ ಮೇಲ್ನೋಟಕ್ಕೆ ಹಿಂದೂಗಳ ಮತಾಂತರದ ಕುರಿತದ್ದು. ಒಳಗೆ ಅದು ಯುರೋಪಿನ ಹಳೆಯ ಜಗಳ. ಆಚರಣೆ ದೊಡ್ಡದೋ ಗ್ರಂಥ ದೊಡ್ಡದೋ ಎಂಬ ಪ್ರಶ್ನೆ ಕನ್ನಡದ ನೆಲದ ಮೇಲೆ ಮತ್ತೊಮ್ಮೆ ಚರ್ಚೆಗೆ ಬಂದಿತ್ತು.

ಮಂಗಳೂರಿನ ಪೈಪೋಟಿ

ಈ ಪೈಪೋಟಿ ನಿಚ್ಚಳವಾಗಿ ಕಂಡದ್ದು ಮಂಗಳೂರಿನಲ್ಲಿ. 1834ರಲ್ಲಿ ಬಾಸೆಲ್ ಮಿಷನ್ನಿನ ಹೆಬಿಕ್, ಲೆಹ್ನರ್, ಗ್ರೈನರ್ ಅಲ್ಲಿಗೆ ಬಂದಿಳಿದಾಗ ಅದು ಆಗಲೇ ಕ್ಯಾಥೊಲಿಕರ ಬಲವಾದ ನೆಲೆ. ಪ್ರೊಟೆಸ್ಟಂಟರು ಕ್ಯಾಥೊಲಿಕರನ್ನೇ ಸೆಳೆದುಕೊಂಡು ಬೆಳೆಯಬಹುದಿತ್ತು ಎಂದು ಯಾರಾದರೂ ಊಹಿಸಬಹುದು. ಹಾಗಾಗಲಿಲ್ಲ. ಕೊಂಕಣಿ ಕ್ಯಾಥೊಲಿಕರ ಭಾಷೆ, ಜಾತಿ, ಧರ್ಮಕೇಂದ್ರ, ಮದುವೆ ಸಂಬಂಧಗಳು ಒಂದಕ್ಕೊಂದು ಹೆಣೆದುಕೊಂಡಿದ್ದವು. ಚರ್ಚ್ ಬಿಡುವುದೆಂದರೆ ಕುಲವನ್ನೇ ಬಿಟ್ಟಂತೆ. ಬಾಸೆಲ್ ಮಿಷನ್ನಿನ ಸಭೆ ಬಹುಮಟ್ಟಿಗೆ ತುಳು ಮಾತಾಡುವ ಬಿಲ್ಲವರ ನಡುವಿನಿಂದ ಬೆಳೆಯಿತು.

ಆದರೂ ಒಬ್ಬರ ಇರುವಿಕೆ ಇನ್ನೊಬ್ಬರನ್ನು ಬದಲಿಸಿತು. ಬಾಸೆಲ್ ಮಿಷನ್ 1841ರಲ್ಲಿ ಮುದ್ರಣಾಲಯ ಸ್ಥಾಪಿಸಿತು. 1843ರಲ್ಲಿ ಮೊಗ್ಲಿಂಗ್ ‘ಮಂಗಳೂರ ಸಮಾಚಾರ’ವನ್ನು ಹೊರತಂದರು, ಕನ್ನಡ ಪತ್ರಿಕೋದ್ಯಮಕ್ಕೆ ನಾಂದಿಯಾದದ್ದು ಅದೇ. ಮುಂದೆ ಹೆಂಚಿನ ಕಾರ್ಖಾನೆ ಬಂತು, ನೇಯ್ಗೆ ಬಂತು, 1894ರಲ್ಲಿ ಕಿಟೆಲರ ನಿಘಂಟು ಬಂತು. ಇತ್ತ ಕ್ಯಾಥೊಲಿಕರು ಗೋವೆಯ ಪೋರ್ಚುಗೀಸ್ ಅಧಿಕಾರಕ್ಕೆ ನಿಷ್ಠರಾಗಿರಬೇಕೋ ರೋಮಿನ ನೇರ ಆಡಳಿತಕ್ಕೋ ಎಂಬ ಒಳಜಗಳದಲ್ಲಿ ದಶಕಗಳನ್ನೇ ಕಳೆದಿದ್ದರು. 1878ರ ಕೊನೆಯ ದಿನ ಯೇಸುಸಭೆಯ ಪಾದ್ರಿಗಳು ಮಂಗಳೂರಿಗೆ ಬಂದ ಮೇಲೆ ಚಿತ್ರ ಬದಲಾಯಿತು. 1880ರಲ್ಲಿ ಸಂತ ಅಲೋಶಿಯಸ್ ಕಾಲೇಜು ಆರಂಭವಾಯಿತು. ಅದೇ ವರ್ಷ ಕಂಕನಾಡಿಯಲ್ಲಿ ಫಾದರ್ ಮುಲ್ಲರ್ ಔಷಧಾಲಯ ತೆರೆದರು. 1882ರಲ್ಲಿ ಕೊಡಿಯಾಲಬೈಲ್ ಮುದ್ರಣಾಲಯವೂ ಬಂತು.

ಪೈಪೋಟಿಯ ನಡುವೆ ಕೊಡುಕೊಳ್ಳುವಿಕೆಯೂ ಇತ್ತು. ಯೇಸುಸಭೆಯ ಇಟಾಲಿಯನ್ ಪಾದ್ರಿ ಮಫೇಯಿ ಕೊಂಕಣಿ ವ್ಯಾಕರಣವನ್ನೂ ನಿಘಂಟನ್ನೂ ರಚಿಸಿದರು. 1882 ಮತ್ತು 1883ರಲ್ಲಿ ಅವು ಅಚ್ಚಾದದ್ದು ಎದುರಾಳಿಗಳಾದ ಬಾಸೆಲ್ ಮಿಷನ್ನಿನ ಮುದ್ರಣಾಲಯದಲ್ಲಿ! ಕ್ಯಾಥೊಲಿಕ್ ಪಾದ್ರಿಯ ಹಸ್ತಪ್ರತಿಗೆ ಪ್ರೊಟೆಸ್ಟಂಟರ ಅಚ್ಚುಮೊಳೆ. ದೇವತಾಶಾಸ್ತ್ರದಲ್ಲಿ ಒಂದಾಗದವರು ವ್ಯಾಕರಣದಲ್ಲಿ ಒಂದಾಗಿದ್ದರು.

ಮೈಸೂರಿನಲ್ಲಿಯೂ ಇದೇ ಜೋಡಿಗೆರೆ ಕಾಣುತ್ತದೆ. ವೆಸ್ಲಿಯನ್ ಮಿಷನ್ ಇಲ್ಲಿ ಶಾಲೆ, ಮುದ್ರಣಾಲಯ ನಡೆಸಿತು, 1887ರಿಂದ ‘ವೃತ್ತಾಂತ ಪತ್ರಿಕೆ’ಯನ್ನು ಹೊರಡಿಸಿತು, 1906ರಲ್ಲಿ ಹೋಲ್ಡ್ಸ್‌ವರ್ತ್ ಆಸ್ಪತ್ರೆಯನ್ನು ತೆರೆಯಿತು. ಊರಿನವರ ಬಾಯಲ್ಲಿ ಅದು ಇಂದಿಗೂ ‘ಮಿಷನ್ ಆಸ್ಪತ್ರೆ’. ಕ್ಯಾಥೊಲಿಕರ ಸಂತ ಫಿಲೋಮಿನಾ ಚರ್ಚಿಗೆ 1933ರಲ್ಲಿ ಶಂಕುಸ್ಥಾಪನೆ ಮಾಡಿದವರು ನಾಲ್ವಡಿ ಕೃಷ್ಣರಾಜ ಒಡೆಯರ್. ಪ್ರೊಟೆಸ್ಟಂಟರ ಆಸ್ಪತ್ರೆಗೂ ಕ್ಯಾಥೊಲಿಕರ ಚರ್ಚಿಗೂ ಒಂದೇ ಅರಸರ ಆಳ್ವಿಕೆಯಲ್ಲಿ ಎಡೆ ದೊರಕಿತ್ತು.

ಎಡಿನ್‌ಬರೋದಿಂದ ಬ್ರೆಜಿಲ್‌ವರೆಗೆ

ಹೊರಜಗತ್ತಿನಲ್ಲಿ ಈ ಕಥೆ ಬೇರೆ ತಿರುವು ಪಡೆಯಿತು. 1910ರಲ್ಲಿ ಎಡಿನ್‌ಬರೋದಲ್ಲಿ ನಡೆದ ವಿಶ್ವ ಮಿಷನರಿ ಸಮ್ಮೇಳನದಲ್ಲಿ ಒಂದು ಇಕ್ಕಟ್ಟಿನ ಪ್ರಶ್ನೆ ಎದುರಾಗಿತ್ತು: ಕ್ಯಾಥೊಲಿಕ್ ದೇಶಗಳನ್ನು ಮಿಷನ್ ಕ್ಷೇತ್ರವೆಂದು ಪರಿಗಣಿಸಬಹುದೇ? ಆಂಗ್ಲಿಕನ್ ಸಭೆಯ ಒಂದು ಬಣ ಒಪ್ಪಲಿಲ್ಲ. ಲ್ಯಾಟಿನ್ ಅಮೆರಿಕವನ್ನು ಚರ್ಚೆಯಿಂದ ಹೊರಗಿಡಲಾಯಿತು. ಅಸಮಾಧಾನಗೊಂಡವರು 1916ರಲ್ಲಿ ಪನಾಮಾದಲ್ಲಿ ತಮ್ಮದೇ ಸಮ್ಮೇಳನ ನಡೆಸಿದರು.

ಮುಂದೆ ನಡೆದದ್ದು ಎರಡೂ ಸಮ್ಮೇಳನಗಳ ಊಹೆಗೆ ಮೀರಿದ್ದು. 1970ರಲ್ಲಿ ಬ್ರೆಜಿಲ್‌ನ ಜನಸಂಖ್ಯೆಯಲ್ಲಿ ಕ್ಯಾಥೊಲಿಕರ ಪ್ರಮಾಣ ಶೇ 90ಕ್ಕೂ ಹೆಚ್ಚಿತ್ತು. 2022ರ ಜನಗಣತಿಯಲ್ಲಿ, ಹತ್ತು ವರ್ಷ ಮೇಲ್ಪಟ್ಟವರ ಪೈಕಿ, ಅದು ಶೇ 56.7ಕ್ಕೆ ಇಳಿದಿದೆ, ಇವಾಂಜೆಲಿಕಲ್ ಪಂಗಡಗಳ ಪಾಲು ಶೇ 26.9ಕ್ಕೆ ಏರಿದೆ. ಈ ಬದಲಾವಣೆಯ ದೊಡ್ಡ ಪಾಲು ವಿದೇಶಿ ಮಿಷನ್ ಸಂಸ್ಥೆಗಳದ್ದಲ್ಲ, ಸ್ಥಳೀಯ ಪಾಸ್ಟರುಗಳ ಪೆಂಟೆಕೋಸ್ಟಲ್ ಸಭೆಗಳದ್ದು. ಹಳ್ಳಿ ಬಿಟ್ಟು ನಗರದ ಅಂಚಿಗೆ ಬಂದವರಿಗೆ ದೂರದ ಹಳೆಯ ಚರ್ಚಿಗಿಂತ ಪಕ್ಕದ ಬೀದಿಯ ಪ್ರಾರ್ಥನಾ ಕೂಟ ಹತ್ತಿರವಾಯಿತು.

ಕರ್ನಾಟಕಕ್ಕೆ ಈ ಉದಾಹರಣೆ ಅರ್ಧ ಮಾತ್ರ ಅನ್ವಯಿಸುತ್ತದೆ. ಹೊಸ ಬಡಾವಣೆ, ಬಾಡಿಗೆ ಸಭಾಂಗಣ, ಸ್ವತಂತ್ರ ಪಾಸ್ಟರ್ ಇಲ್ಲಿಯೂ ಇದ್ದಾರೆ. ಆದರೆ ಬ್ರೆಜಿಲ್‌ನಲ್ಲಿ ಕ್ಯಾಥೊಲಿಕರು ಬಹುಸಂಖ್ಯಾತರು. ಅವರು ಕಳೆದುಕೊಂಡದ್ದು ಸಂಖ್ಯೆಯನ್ನು. 2011ರ ಜನಗಣತಿಯ ಪ್ರಕಾರ ಕರ್ನಾಟಕದಲ್ಲಿ ಕ್ರೈಸ್ತರೆಲ್ಲ ಸೇರಿ ಸುಮಾರು 11.4 ಲಕ್ಷ, ಶೇ 1.87. ಇಲ್ಲಿ ಒಂದು ಸಭೆಯ ಅತ್ಯುತ್ಸಾಹಕ್ಕೆ ಇನ್ನೊಂದು ಸಭೆ ತೆರಬೇಕಾದದ್ದು ಭದ್ರತೆಯ ಬೆಲೆ.

ಕಾನೂನಿನ ಕಣ್ಣು

ಕಾನೂನಿಗೂ ಈ ಗಡಿರೇಖೆ ಕಾಣುವುದಿಲ್ಲ. ಪ್ರಚಾರದ ಹಕ್ಕೆಂದರೆ ಇನ್ನೊಬ್ಬರನ್ನು ಮತಾಂತರಿಸುವ ಹಕ್ಕಲ್ಲ ಎಂದು ಸುಪ್ರೀಂ ಕೋರ್ಟ್ 1977ರಲ್ಲಿ ಸ್ಟಾನಿಸ್ಲಾಸ್ ಪ್ರಕರಣದಲ್ಲಿ ತೀರ್ಪಿತ್ತಿತು. ಆ ಅರ್ಜಿದಾರರೂ ಕ್ಯಾಥೊಲಿಕ್ ಪಾದ್ರಿಯೇ. ಕರ್ನಾಟಕದಲ್ಲಿ 2022ರಲ್ಲಿ ಮೊದಲು ಸುಗ್ರೀವಾಜ್ಞೆಯಾಗಿ, ಬಳಿಕ ಕಾಯ್ದೆಯಾಗಿ ಬಂದ ಧಾರ್ಮಿಕ ಸ್ವಾತಂತ್ರ್ಯ ಹಕ್ಕು ಸಂರಕ್ಷಣಾ ಶಾಸನ, ಮತಾಂತರವಾಗಬಯಸುವವರು 30 ದಿನ ಮೊದಲೇ ಜಿಲ್ಲಾಧಿಕಾರಿಗೆ ತಿಳಿಸಬೇಕೆಂದು ವಿಧಿಸಿತು. ಹಿಂದಿನ ಧರ್ಮಕ್ಕೆ ಮರಳುವುದನ್ನು ಮತಾಂತರವೆಂದು ಎಣಿಸಲಿಲ್ಲ. ಅದನ್ನು ರದ್ದುಪಡಿಸಲು 2023ರ ಜೂನ್‌ನಲ್ಲಿ ಅಂದಿನ ಸಚಿವ ಸಂಪುಟ ತೀರ್ಮಾನಿಸಿತು.

ಈ ಶಾಸನದ ಭಾಷೆ ‘ಧರ್ಮ’ದ್ದು, ‘ಸಭೆ’ಯದ್ದಲ್ಲ. ಕ್ಯಾಥೊಲಿಕ್ ಕುಟುಂಬದ ಯುವಕನೊಬ್ಬ ಪೆಂಟೆಕೋಸ್ಟಲ್ ಸಭೆ ಸೇರಿದರೆ ಅವನ ಮನೆಯಲ್ಲಿ ಅದು ಮತಾಂತರದಷ್ಟೇ ದೊಡ್ಡ ಬಿರುಕು. ಮದುವೆ, ಜ್ಞಾನಸ್ನಾನ, ಸಮಾಧಿ ಸ್ಥಳ ಎಲ್ಲವೂ ಪ್ರಶ್ನೆಯಾಗುತ್ತವೆ. ಶಾಸನದ ಸಾಮಾನ್ಯ ಓದಿನಲ್ಲಿ ಅಲ್ಲಿ ಏನೂ ನಡೆದಿಲ್ಲ. ಕಾನೂನು ಅಲ್ಲಿಗೆ ಕೈ ಚಾಚದಿರುವುದೇ ಲೇಸು. ಯಾರು ಯಾವ ಸಭೆಯಲ್ಲಿ ಪ್ರಾರ್ಥಿಸಬೇಕೆಂಬುದು ಜಿಲ್ಲಾಧಿಕಾರಿ ನಿರ್ಧರಿಸುವ ವಿಷಯವಲ್ಲ. ಆದರೆ ದೂರು ಬಂದಾಗ ಪೊಲೀಸರ ಕೆಲಸ ಬೇರೆ. ದೂರು ಯಾರ ಮೇಲೆ, ಯಾವ ಕೃತ್ಯದ ಮೇಲೆ ಎಂದು ಗುರುತಿಸಬೇಕಾದದ್ದು ಅವರ ಕರ್ತವ್ಯ. ‘ಕ್ರೈಸ್ತರ ಮೇಲೆ ದೂರು’ ಎಂಬುದು ದೂರೇ ಅಲ್ಲ.

2008ರ ದಾಳಿಗಳ ತನಿಖೆಗೆ ನೇಮಕವಾದ ನ್ಯಾಯಮೂರ್ತಿ ಬಿ.ಕೆ. ಸೋಮಶೇಖರ ಆಯೋಗ 2011ರ ಜನವರಿಯಲ್ಲಿ ಅಂತಿಮ ವರದಿ ಸಲ್ಲಿಸಿತು. ಕ್ರೈಸ್ತ ಮುಖಂಡರು ಅದನ್ನು ಒಪ್ಪಲಿಲ್ಲ, ವಿವಾದ ಬೆಳೆಯಿತು. ಆ ಗದ್ದಲದಲ್ಲಿ ಹಿಂದೆ ಸರಿದ ಪಾಠವೊಂದಿದೆ. ಸಂಸ್ಥಾಪಿತ ಸಭೆಗಳು ಸ್ವತಂತ್ರ ಪಂಗಡಗಳಿಂದ ದೂರ ಸರಿದು, ‘ಅವರು ನಾವಲ್ಲ’ ಎಂದು ಹೇಳಿ ಪಾರಾಗಲಾರವು. ದಾಳಿಗೆ ಬರುವವರು ಬೈಬಲಿನ ಯಾವ ವ್ಯಾಖ್ಯಾನ ಸರಿಯೆಂದು ವಿಚಾರಿಸಿ ಬರುವುದಿಲ್ಲ. ಹಾಗೆಯೇ ಸ್ವತಂತ್ರ ಪಂಗಡಗಳೂ, ಅನ್ಯರ ದೇವರನ್ನು ಹಳಿಯುವ ಕರಪತ್ರದ ಫಲವನ್ನು ಉಣ್ಣಬೇಕಾದವರು ತಾವು ಮಾತ್ರವಲ್ಲ ಎಂಬುದನ್ನು ಮರೆಯುವಂತಿಲ್ಲ.

ಹಾಗಿದ್ದರೆ ಭೇದವನ್ನು ತಿಳಿಯುವುದರಿಂದ ಪ್ರಯೋಜನವೇನು? ತಪ್ಪಿಗೆ ಹೆಸರು, ವಿಳಾಸ ದೊರಕುತ್ತದೆ. ಇಡೀ ಸಮುದಾಯ ಆರೋಪಿಯ ಸ್ಥಾನದಲ್ಲಿ ನಿಲ್ಲುವುದು ತಪ್ಪುತ್ತದೆ. ಹಳೆಯ ಮಂಗಳೂರಿನಲ್ಲಿ ಬಲ್ಮಠದವರು ಯಾರು, ಮಿಲಾಗ್ರಿಸ್‌ನವರು ಯಾರು ಎಂಬುದು ಊರಿಗೆ ಗೊತ್ತಿತ್ತು. ದಟ್ಟಗಳ್ಳಿಯಂಥ ಹೊಸ ಬಡಾವಣೆಗಳಲ್ಲಿ ಆ ತಿಳಿವಳಿಕೆ ತಾನಾಗಿ ಬರುವುದಿಲ್ಲ. ಅದು ಬರಬೇಕಾದದ್ದು ನೆರೆಹೊರೆಯ ಮಾತುಕತೆಯಿಂದ. ಯಾವ ಚರ್ಚಿಗೆ ಹೊರಟಿರಿ ಎಂಬ ಪ್ರಶ್ನೆ ಠಾಣೆಯಲ್ಲಿ ಕೇಳಿಬರುವ ಮುನ್ನ ಕಾಂಪೌಂಡಿನ ಬಳಿ ಕೇಳಿಬಂದರೆ, ಅದರಿಂದ ಯಾರಿಗೂ ನಷ್ಟವಿಲ್ಲ.