‘ಸ್ವತಃ’ ಕಾಣಿಸಿಕೊಂಡರೆ ಹೇಳಿದ್ದೆಲ್ಲ ನಿಜವಾಗಿಬಿಡುತ್ತಾ?

2022ರಲ್ಲಿ ಬಂದ ನೆಟ್‌ಫ್ಲಿಕ್ಸ್‌ನ ‘ಏನ್ಷಿಯಂಟ್ ಅಪೊಕ್ಯಾಲಿಪ್ಸ್’ ಸರಣಿಯಲ್ಲಿ ಗ್ರಹಾಂ ಹ್ಯಾನ್‌ಕಾಕ್ ಪಾತ್ರ ಮಾಡಿಲ್ಲ, ಸ್ವತಃ ಕಾಣಿಸಿಕೊಂಡಿದ್ದಾರೆ. ತಾನು ಪುರಾತತ್ವಜ್ಞನಲ್ಲ, ಪತ್ರಕರ್ತ ಅಂತ ಅವರೇ ಹೇಳ್ತಾರೆ. ಆದರೂ ಹಿಮಯುಗದಲ್ಲೇ ಮುಂದುವರಿದ ನಾಗರಿಕತೆಯೊಂದಿತ್ತು ಎಂಬ ಅವರ ಊಹೆಗೆ ಸಾಕ್ಷ್ಯಚಿತ್ರದ ಮೊಹರು ಬಿತ್ತು. ಇದನ್ನು ‘ಸೈನ್ಸ್ ಫಿಕ್ಷನ್’ ಎಂದು ವರ್ಗೀಕರಿಸಿ ಅಂತ ಸೊಸೈಟಿ ಫಾರ್ ಅಮೆರಿಕನ್ ಆರ್ಕಿಯಾಲಜಿ ಬಹಿರಂಗ ಪತ್ರ ಬರೆಯಿತು. ಇಂಥ ಕಥೆಗಳು ಮೂಲನಿವಾಸಿಗಳ ಸಾಧನೆಯನ್ನೇ ಕಿತ್ತುಕೊಳ್ಳುತ್ತವೆ ಎಂಬುದು ಅದರ ಆಕ್ಷೇಪ. 2024ರಲ್ಲಿ ಎರಡನೇ ಸೀಸನ್ ಬಂತು. ಈ ಸಲ ನಟ ಕಿಯಾನು ರೀವ್ಸ್ ಕೂಡ ‘ಸ್ವತಃ’ ಹಾಜರ್!

ಮೊದಲ ಕಂತನ್ನೇ ನೋಡಿ. ಇಂಡೋನೇಷ್ಯಾದ ಗುನುಂಗ್ ಪದಾಂಗ್ ದಿಬ್ಬದ ಬಗ್ಗೆ ಭೂವಿಜ್ಞಾನಿ ಡ್ಯಾನಿ ಹಿಲ್ಮನ್ ನಟವಿಜಜ ಅದರಲ್ಲಿ ಮಾತಾಡ್ತಾರೆ. ದಿಬ್ಬದೊಳಗಿನ ನಿರ್ಮಾಣ 16 ಸಾವಿರ ವರ್ಷಕ್ಕೂ ಹಳೆಯದು ಎಂದ ಅವರ ತಂಡದ 2023ರ ಪ್ರಬಂಧವನ್ನು ಮರುವರ್ಷವೇ ಜರ್ನಲ್ ಹಿಂತೆಗೆದುಕೊಂಡಿತು. ಕಾರಣ ಸರಳ: ಕಾಲ ಅಳೆದಿದ್ದ ಮಣ್ಣಿಗೆ ಮನುಷ್ಯರ ಕೈಸೋಕಿದ ಪುರಾವೆ ಇರಲಿಲ್ಲ.

ತಪ್ಪಾದ ಪ್ರಬಂಧವನ್ನು ಹಿಂಪಡೆಯಲು ಜರ್ನಲ್‌ಗಳಲ್ಲಿ ಒಂದು ದಾರಿಯಿದೆ. ಸ್ಟ್ರೀಮಿಂಗ್ ಕಂಪನಿಗಳಿಗೆ ಅಂಥ ಕಟ್ಟುಪಾಡು ಇಲ್ಲ. ಹಾಗಾಗಿ ಆ ಕೆಲಸ ನೋಡುಗರ ತಲೆ ಮೇಲೆ ಬೀಳುತ್ತೆ. ‘ಸ್ವತಃ’ ಬಂದವರನ್ನು ಕಂಡಾಗ ನಾವು ಕೇಳಬೇಕಾದ್ದು ಇಷ್ಟೇ: ಇವರ ಮಾತನ್ನು ಒಪ್ಪದ ತಜ್ಞರಿಗೂ ಇದೇ ಕ್ಯಾಮೆರಾ ಮುಂದೆ ಕುರ್ಚಿ ಸಿಕ್ಕಿತ್ತಾ?