ನಾಲ್ಕನೆಯ ಸೀಸೆಯ ಗಂಧ

ಗಡಿಯಾಚೆಯ ನಮ್ಮ ಕನ್ನಡ ಶಾಲೆಗಳಲ್ಲೊಂದರ ಕೈಬರಹದ ಪತ್ರಿಕೆಗಾಗಿ ಒಂಬತ್ತನೆಯ ತರಗತಿಯ ಹುಡುಗನೊಬ್ಬನು ಒಂದು ಕಥೆ ಬರೆದನು. ಕಥಾನಾಯಕನು ನಾಲ್ಕು ಸೀಸೆಗಳಲ್ಲಿ ನಾಲ್ಕು ಬಗೆಯ ಗಂಧಗಳನ್ನು ಕೂಡಿಡುತ್ತಾನೆ. ಮೂರನ್ನು ತೆರೆದರೆ ಕೋಣೆಯ ಉದ್ದ, ಅಗಲ, ಎತ್ತರಗಳು ಕದಲುತ್ತವೆ. ನಾಲ್ಕನೆಯದನ್ನು ತೆರೆದೊಡನೆ ಕಣ್ಣಿಗೆ ಕಾಣದ ಇನ್ನೊಂದು ಲೋಕದಲ್ಲಿ ಮಳೆ ಸುರಿಯುತ್ತದೆ. ಈ ಕಥೆಯು ಕೆಂಪು ಶಾಯಿಯ ಎರಡು ಷರಾಗಳೊಡನೆ ಹಿಂದಿರುಗಿತು. ವಿಜ್ಞಾನದ ಉಪಾಧ್ಯಾಯರದು, “ವಿಜ್ಞಾನಕ್ಕೆ ವಿರುದ್ಧ.” ಭಾಷಾಪಂಡಿತರದು, “ನಮ್ಮ ಸಂಪ್ರದಾಯದಲ್ಲಿಲ್ಲದ ಪರಕೀಯ ಕಲ್ಪನೆ.” ಇಬ್ಬರೂ ನನಗೆ ಪೂಜ್ಯರು, ಆದರೆ ಇಬ್ಬರೂ ಇಲ್ಲಿ ತಪ್ಪಿದ್ದಾರೆಂದು ಹೇಳದೆ ಗತ್ಯಂತರವಿಲ್ಲ.

ಮೊದಲು ಪಂಡಿತರ ಮಾತು. ಮಹಾಭಾರತದ ಅರಣ್ಯಪರ್ವದಲ್ಲಿ ಗಾಳಿ ಹೊತ್ತು ತಂದ ಸೌಗಂಧಿಕಾ ಪುಷ್ಪವೊಂದು ದ್ರೌಪದಿಯ ಕೈಸೇರುತ್ತದೆ. ಅಂಥವೇ ಇನ್ನಷ್ಟು ಬೇಕೆಂದು ಅವಳು ಕೇಳಲಾಗಿ ಭೀಮನು ಆ ಗಾಳಿಗೆ ಇದಿರಾಗಿ ನಡೆಯುತ್ತಾನೆ. ದಾರಿಯಲ್ಲಿ ಬಾಳೆಯ ವನ, ಅಲ್ಲಿ ಹಿಂದಿನ ಯುಗದ ಹನುಮಂತ. ಮುಂದೆ ಕುಬೇರನ ಸರೋವರ, ಅದನ್ನು ಕಾಯುವ ರಾಕ್ಷಸರು. ಒಂದು ಹೂವಿನ ಕಂಪು ಮನುಷ್ಯನನ್ನು ಅವನದಲ್ಲದ ಲೋಕಕ್ಕೆ ಎಳೆದೊಯ್ದ ಕಥೆಯಲ್ಲವೆ ಇದು? ಮೀನುವಾಸನೆಯ ದೋಣಿಯ ಹುಡುಗಿ ಪರಾಶರನ ವರದಿಂದ ಯೋಜನಗಂಧಿಯಾದಳು. ಆ ಪರಿಮಳದ ಮೂಲವನ್ನು ಹುಡುಕುತ್ತ ಶಂತನು ಬಂದನು. ಕುರುವಂಶದ ಗತಿಯೇ ಬದಲಾಯಿತು. ಇದಾವುದು ಪರಕೀಯ?

ಕಥೆಯಿರಲಿ, ಶಾಸ್ತ್ರಕ್ಕೇ ಬನ್ನಿ. 6ನೆಯ ಶತಮಾನದ ವರಾಹಮಿಹಿರನು ಬೃಹತ್ಸಂಹಿತೆಯ ಗಂಧಯುಕ್ತಿ ಪ್ರಕರಣದಲ್ಲಿ, 16 ದ್ರವ್ಯಗಳಿಂದ ನಾಲ್ಕು ನಾಲ್ಕನ್ನು ಆಯ್ದರೆ 1820 ಬಗೆಗಳಾಗುತ್ತವೆಂದು ಲೆಕ್ಕವಿಟ್ಟಿದ್ದಾನೆ. (ವಿದ್ಯಾರ್ಥಿಗಳು 16, 15, 14, 13ನ್ನು ಗುಣಿಸಿ 24ರಿಂದ ಭಾಗಿಸಿ ನೋಡಬಹುದು.) ನಮ್ಮ ಹುಡುಗನ ಸೀಸೆಗಳೂ ನಾಲ್ಕೇ! ಕನ್ನಡದಲ್ಲಿಯೇ 1025ರ ಸುಮಾರಿಗೆ ಚಾವುಂಡರಾಯನು ರಚಿಸಿದ ‘ಲೋಕೋಪಕಾರ’ದಲ್ಲಿ ಜಲಶೋಧನೆ, ವೃಕ್ಷಾಯುರ್ವೇದ, ಪಾಕಗಳ ಜೊತೆಗೆ ಸುಗಂಧದ್ರವ್ಯಗಳ ವಿಚಾರವೂ ಇದೆ. ಬೆಳಗೊಳದ ಗೊಮ್ಮಟನನ್ನು ಕಡೆಯಿಸಿದ ಚಾವುಂಡರಾಯನು ಬೇರೆ, ಅವನು ಇವನಿಗಿಂತ ಹಿಂದಿನವನು. ಸಾವಿರ ವರ್ಷಗಳ ಹಿಂದೆ ಗಂಧದ ಶಾಸ್ತ್ರವನ್ನು ಹೇಳಬಲ್ಲ ನುಡಿಗೆ ಇಂದು ಗಂಧದ ಕಥೆ ಹೊರಲಾರದ ಭಾರವಾಯಿತೆ?

ವಿಜ್ಞಾನದ ಉಪಾಧ್ಯಾಯರೊಡನೆ ವಾದವು ಇನ್ನೂ ಸ್ವಾರಸ್ಯವಾದುದು. ಪುದೀನದ ಒಂದು ಜಾತಿಯ ಎಣ್ಣೆಯಲ್ಲಿ ಕಾರ್ವೋನ್ ಎಂಬ ದ್ರವ್ಯವಿದೆ. ಶಾಜೀರಿಗೆಯಲ್ಲಿಯೂ ಸಬ್ಬಸಿಗೆಯ ಬೀಜದಲ್ಲಿಯೂ ಅದೇ ಕಾರ್ವೋನ್. ಪರಮಾಣುಗಳು ಅವೇ, ಅವುಗಳ ಸಂಖ್ಯೆಯೂ ಅದೇ, ತೂಕವೂ ಅದೇ. ಆದರೆ ಒಂದರ ಅಣು ಇನ್ನೊಂದರ ಕನ್ನಡಿಯ ಬಿಂಬ. ಎಡಗಾಲಿನ ಮೆಟ್ಟು ಬಲಗಾಲಿಗೆ ಹೊಂದದಂತೆ ಇವೆರಡೂ ಒಂದರೊಳಗೊಂದು ಹೊಂದವು. ತಕ್ಕಡಿಗೆ ತಿಳಿಯದ ಈ ಭೇದವು ಮೂಗಿಗೆ ಕ್ಷಣದಲ್ಲಿ ತಿಳಿಯುತ್ತದೆ. ಗಂಧವನ್ನು ಗ್ರಹಿಸುವ ಗ್ರಾಹಕಗಳ ದೊಡ್ಡ ಕುಟುಂಬವನ್ನು ಲಿಂಡಾ ಬಕ್ ಮತ್ತು ರಿಚರ್ಡ್ ಆಕ್ಸೆಲ್ 1991ರಲ್ಲಿ ಪ್ರಕಟಪಡಿಸಿ 2004ರ ನೊಬೆಲ್ ಪಾರಿತೋಷಕವನ್ನು ಪಡೆದರು. ಮನುಷ್ಯನಲ್ಲಿ ಅವು ಸುಮಾರು 400 ಬಗೆ, ಅವುಗಳಿಗೂ ಎಡಬಲಗಳುಂಟು.

ಈಗ ಕಾಗದದಲ್ಲಿ ಒಂದು ಎಡಪಾದವನ್ನು ಕತ್ತರಿಸಿ ಮೇಜಿನ ಮೇಲಿಡಿರಿ. ಎಷ್ಟು ಸರಿಸಿದರೂ, ಎಷ್ಟು ತಿರುಗಿಸಿದರೂ ಅದು ಬಲಪಾದವಾಗದು. ಮೇಜಿನಿಂದ ಮೇಲಕ್ಕೆತ್ತಿ ಮಗುಚಿದರೆ ಆಯಿತು! ಎಂದರೆ ಉದ್ದ ಅಗಲಗಳಷ್ಟೇ ಉಳ್ಳ ಆಕೃತಿಗೆ ಮೂರನೆಯ ದಿಕ್ಕು ಬೇಕಾಯಿತು. ಹಾಗೆಯೇ ಉದ್ದ, ಅಗಲ, ಎತ್ತರಗಳುಳ್ಳ ವಸ್ತುವನ್ನು ಅದರ ಬಿಂಬವಾಗಿ ಮಗುಚಲು ನಾಲ್ಕನೆಯ ಆಯಾಮವೊಂದು ಬೇಕೆಂದು ಮೋಬಿಯಸ್ ಎಂಬ ಗಣಿತಜ್ಞನು 1827ರಲ್ಲಿಯೇ ಸೂಚಿಸಿದನು. ಈ ಎಳೆಯನ್ನೇ ಹಿಡಿದು ಎಚ್. ಜಿ. ವೆಲ್ಸ್ 1896ರಲ್ಲಿ ಪ್ಲಾಟ್ನರನ ಕಥೆ ಬರೆದನು. ಪ್ಲಾಟ್ನರನು ಶಾಲೆಯೊಂದರಲ್ಲಿ ಭಾಷೆಗಳ ಉಪಾಧ್ಯಾಯ. ರಸಾಯನದ ಪಾಠವನ್ನೂ ಅವನ ತಲೆಗೇ ಕಟ್ಟಿದ್ದರು. (ಈ ಸಂಕಟವನ್ನು ನಮ್ಮ ವಾಚಕರಿಗೆ ವಿವರಿಸಬೇಕಾಗಿಲ್ಲ.) ಹಸಿರು ಪುಡಿಯೊಂದು ಸಿಡಿದು ಅವನು ಒಂಬತ್ತು ದಿನ ಬೇರೊಂದು ಲೋಕದಲ್ಲಿದ್ದು ಬಂದಾಗ ಅವನ ಹೃದಯವು ಬಲಗಡೆಗಿತ್ತು. ಸಬ್ಬಸಿಗೆಯ ಕಾರ್ವೋನನ್ನು ಹಾಗೆ ಮಗುಚಬಹುದಾಗಿದ್ದರೆ ಪುದೀನದ ವಾಸನೆ ಬಂದೀತು. ನಾಲ್ಕನೆಯ ಆಯಾಮದ ಸುದ್ದಿಯನ್ನು ಮೂಗು ತಂದೀತು. ಅಂಥ ದಿಕ್ಕು ಪ್ರಯೋಗದಲ್ಲಿ ಇಂದಿಗೂ ಯಾರಿಗೂ ಸಿಕ್ಕಿಲ್ಲ. ಗಣಿತವು ಅದನ್ನು ಊಹಿಸಬಲ್ಲದು. ಕಥೆಗೆ ಅಷ್ಟು ಸಾಕು.

ಉಪಾಧ್ಯಾಯರ ಕೆಂಪು ಶಾಯಿ ಖರ್ಚಾಗಬೇಕಾದ ಸ್ಥಳವು ಬೇರೆಯೇ ಇದೆ. ಪೊಟ್ಟಣದ ಮೇಲೆ ‘ಕಂಪನ’, ‘ಶಕ್ತಿ’, ‘ಆಯಾಮ’ ಎಂಬ ಪದಗಳನ್ನು ಅಚ್ಚುಮಾಡಿ, ಈ ಧೂಪದಿಂದ ಗ್ರಹಪೀಡೆ ನಿವಾರಣೆಯೆಂದು ಮಾರುವವರು ಇದ್ದಾರೆ. ಅವರದೂ ಕಲ್ಪಿತ ಶಾಸ್ತ್ರವೇ. ಆದರೆ ಅದನ್ನು ನಿಜವೆಂದು ಹೇಳಿ ಹಣ ಪಡೆಯುತ್ತಾರೆ. ನಮ್ಮ ಹುಡುಗನು ತನ್ನದನ್ನು ಕಥೆಯೆಂದು ಕರೆದನು, ಯಾರಿಂದಲೂ ಕಾಸು ಕೇಳಲಿಲ್ಲ. ಪೊಟ್ಟಣವನ್ನು ಸುಮ್ಮನೆ ಕೊಂಡು ಕಥೆಯನ್ನು ತಿದ್ದುವುದು ಎಂಥ ವಿಜ್ಞಾನನಿಷ್ಠೆ?

ಕಥೆಯಲ್ಲಿ ದೋಷವಿಲ್ಲವೆಂದು ನಾನು ಹೇಳಲಾರೆ. ಗಂಧವು ಅಲ್ಲಿ ಕೇಳಿದ್ದನ್ನೆಲ್ಲ ಮಾಡಿಬಿಡುತ್ತದೆ. ಯಾವ ತಡೆಯೂ ಇಲ್ಲ, ಯಾವ ಬೆಲೆಯೂ ಇಲ್ಲ. ಕಲ್ಪಿತ ಶಾಸ್ತ್ರವೂ ತನ್ನ ನಿಯಮಕ್ಕೆ ತಾನು ತಲೆಬಾಗಬೇಕು. ಗಂಧವು ಪೃಥ್ವಿಯೊಂದರದೇ ಗುಣ, ನೀರಿಗೂ ಗಾಳಿಗೂ ಅದು ಸ್ವಂತದ್ದಲ್ಲವೆಂದು ನಮ್ಮ ತಾರ್ಕಿಕರು ಹೇಳುತ್ತಾರೆ. ಇದನ್ನೇ ಹಿಡಿದರೆ, ಗಂಧ ತಲಪಿದ ಲೋಕದಲ್ಲಿ ಮಣ್ಣಿರಲೇಬೇಕು. ಮಣ್ಣಿದ್ದರೆ ಮಳೆಗೊಂದು ಅರ್ಥ ಬರುತ್ತದೆ. ಇಂಥ ಮಾತನ್ನು ಅವನಿಗೆ ಹೇಳಬೇಕಾಗಿತ್ತು. ಅಂಗಡಿಯ ಫಲಕದಲ್ಲಿ, ಕಚೇರಿಯ ಅರ್ಜಿಯಲ್ಲಿ, ಬಸ್ಸಿನ ಹೆಸರಿನಲ್ಲಿ ಬೇರೊಂದು ಲಿಪಿಯನ್ನು ಕಾಣುತ್ತ ಬೆಳೆದ ಮಗುವಿಗೆ ಕನ್ನಡವೆಂದರೆ ಮನೆಯ ಮಾತು, ಪರೀಕ್ಷೆಯ ಉತ್ತರ. ಅವೆರಡನ್ನೂ ಮೀರಿ ಅವನು ಈ ಭಾಷೆಯಲ್ಲಿ ಮೊದಲ ಸಲ ಒಂದು ಲೋಕವನ್ನು ಕಟ್ಟಲು ಹೊರಟಾಗ ನಾವು ಕೊಟ್ಟದ್ದು ಎರಡು ಷರಾಗಳು.

ಆ ಹಾಳೆಗಳನ್ನು ನಾನು ಅವನಿಂದ ಕೇಳಿ ಪಡೆದು ಓದಿದೆ. ಹಿಂದಿರುಗಿಸುವಾಗ ಅಂಚಿನಲ್ಲಿ ಪೆನ್ಸಿಲಿನಿಂದ ಒಂದು ಪ್ರಶ್ನೆಯನ್ನು ಬರೆದೆ: “ನಾಲ್ಕನೆಯ ಸೀಸೆಯನ್ನು ತೆರೆದಾಗ ಅಲ್ಲಿ ಗಾಳಿ ಯಾವ ಕಡೆಯಿಂದ ಬೀಸುತ್ತಿತ್ತು?” ಮರುದಿನವೇ ಅವನು ಇನ್ನೂ ಮೂರು ಪುಟಗಳನ್ನು ಬರೆದು ತಂದಿದ್ದಾನೆ. ಸಂಪಾದಕರು ಒಪ್ಪಿದರೆ ಮುಂದಿನ ಸಂಚಿಕೆಗೆ ಅದರ ಸ್ಟೆನ್ಸಿಲನ್ನು ನಾನೇ ಕೊರೆದುಕೊಡುತ್ತೇನೆ.